ಗಿರಾಕಿಯ ಕಡೆಗೆ ತೂಗಿದ ತಕ್ಕಡಿ

ಈ ಸಭೆಯ ಅಧ್ಯಕ್ಷರೂ ನಮ್ಮೂರ ಮಿಡ್ಲ್ ಸ್ಕೂಲಿನ ಹೆಡ್‌ಮಾಸ್ಟರೂ ಆದ ಶ್ರೀ ಚನ್ನಬಸವಣ್ಣನವರೇ, ಮುಖ್ಯ ಅತಿಥಿಗಳಾಗಿ ಬಂದಿರುವ ತಾಲ್ಲೂಕಿನ ಅಮಲ್ದಾರರೇ, ‘ಗಡಿಯಂಗಡಿ’ ಚಿತ್ರದ ನಿರ್ದೇಶಕರಾದ ಶ್ರೀ ಲಿಂಗಣ್ಣನವರೇ, ಮುಂದಿನ ಸಾಲಿನಲ್ಲಿ ಕುಳಿತಿರುವ ಹಿರಿಯರೇ, ಬಲಗಡೆ ಜಮಖಾನದ ಮೇಲೆ ಒತ್ತೊತ್ತಾಗಿ ಕುಳಿತು ನನ್ನ ಸೀರೆಯನ್ನೇ ನೋಡುತ್ತಿರುವ ತಾಯಂದಿರೇ, ಅಕ್ಕತಂಗಿಯರೇ, ಜಾಗ ಸಾಲದೆ ಬಾಗಿಲಲ್ಲಿ ನಿಂತಿರುವ ಮಹನೀಯರೇ, ಸಭಿಕರೇ, ಎಲ್ಲರಿಗೂ ಶರಣು.

ಮೊದಲೇ ಒಂದು ಮಾತು ಹೇಳಿಬಿಡುತ್ತೇನೆ. ನಾನು ಓದಿದ್ದು ಮೈಸೂರಿನ ಒಂದು ಕಾನ್ವೆಂಟಿನಲ್ಲಿ. ಅಲ್ಲಿ ಕನ್ನಡದಲ್ಲಿ ಮಾತಾಡಿದರೆ ಬೆಂಚಿನ ಮೇಲೆ ನಿಲ್ಲಿಸುತ್ತಿದ್ದರು. ಹೀಗಾಗಿ ನಾನು ಬೆಂಚಿನ ಮೇಲೆ ನಿಂತೇ ಹೆಚ್ಚು ಪಾಠ ಕೇಳಿದವಳು. ಇವತ್ತು ನೀವು ವೇದಿಕೆಯ ಮೇಲೆ ನಿಲ್ಲಿಸಿದ್ದೀರಿ. ಅಭ್ಯಾಸವಾದ ಜಾಗ, ನನಗೇನೂ ಭಯವಿಲ್ಲ. ಭಾಷೆಯಲ್ಲಿ ತಪ್ಪಾದರೆ ಅಧ್ಯಕ್ಷರು ಹೆಡ್‌ಮಾಸ್ಟರಾಗಿ ಅಲ್ಲ, ಅಧ್ಯಕ್ಷರಾಗಿ ಮಾತ್ರ ಕೇಳಿಸಿಕೊಳ್ಳಬೇಕು.

ವೈಶಾಖದಲ್ಲಿ ಕೆ.ಆರ್. ನಗರದಿಂದ ಈ ಕೋಟೆ ಊರಿಗೆ ಸೊಸೆಯಾಗಿ ಬಂದವಳು ನಾನು. ಸನ್ಮಾನ ನನಗಲ್ಲ, ನಮ್ಮವರಿಗೆ. ಅಲ್ಲಿ ನೋಡಿ, ಹಾರದ ಹಿಂದೆ ಅಡಗಿ ಕುಳಿತಿದ್ದಾರೆ. ಅವರಿಗೆ ಮಾತು ಬರುವುದಿಲ್ಲವೆಂದಲ್ಲ. ಮಾತಾಡುವ ಬದಲು ಏನಾದರೂ ಕಟ್ಟಿಬಿಡೋಣ ಎನ್ನುವ ಸ್ವಭಾವ. ಸಮಿತಿಯವರು ಮನೆಗೆ ಬಂದು, “ತಾವು ನಾಲ್ಕು ಮಾತಾಡಲೇಬೇಕು” ಎಂದು ಕೇಳಿದಾಗ ನಮ್ಮವರು ಸುಮ್ಮನೆ ನನ್ನ ಕಡೆ ಕೈ ತೋರಿಸಿದರು. ಸಮಿತಿಯವರು ಗಾಬರಿಯಾಗಿ ನಮ್ಮ ಮಾವನವರ ಕಡೆ ನೋಡಿದರು. ನಮ್ಮಲ್ಲಿ ಹೊಸ ಸೊಸೆ ಮಾವನೆದುರು ಜೋರಾಗಿ ಸೀನುವುದೂ ಇಲ್ಲ. ಇನ್ನು ಭಾಷಣವೇ? ಮಾವನವರು ವೀಳ್ಯದೆಲೆಗೆ ಸುಣ್ಣ ಹಚ್ಚುತ್ತ ಹೇಳಿದರು: “ಮಾತಾಡ್ಲಿ ಬುಡಿ. ಮನೇಲಿ ನಾವು ದಿನಾ ಕೇಳ್ತಾ ಇದೀವಿ. ಊರೋರೂ ಒಂದಿನ ಕೇಳ್ಲಿ.”

ಮಾವನವರೇ, ನಿಮ್ಮ ಅಪ್ಪಣೆಯ ಮೇಲೆಯೇ ನಿಂತಿದ್ದೇನೆ. ಸೆರಗು ತಲೆಯ ಮೇಲಿದೆ. ಮಾತು ಉದ್ದವಾದರೆ ಆ ಜವಾಬ್ದಾರಿ ನಿಮ್ಮದು.

ಸಭಿಕರೇ, ನನ್ನ ಹಿಂದೆ ಕಟ್ಟಿರುವ ಈ ಬಟ್ಟೆಯನ್ನು ಒಮ್ಮೆ ನೋಡಿ. ‘ನಮ್ಮೂರ ಹೆಮ್ಮೆಯ ಕಲಾ ನಿರ್ದೇಶಕರಿಗೆ ಪೌರ ಸನ್ಮಾನ’. ಎಷ್ಟು ದುಂಡಾದ ಅಕ್ಷರ! ಮುತ್ತು ಪೋಣಿಸಿದ ಹಾಗಿದೆ. ಬರೆದವರು ಯಾರು ಗೊತ್ತೇ? ಸನ್ಮಾನ ಮಾಡಿಸಿಕೊಳ್ಳುತ್ತಿರುವವರೇ! ಈ ತಾಲ್ಲೂಕಿನಲ್ಲಿ ಬ್ಯಾನರು ಬರೆಯುವವರು ಬೇರೆ ಯಾರಿದ್ದಾರೆ? ಸಮಿತಿಯವರು ಬಟ್ಟೆ ತಂದುಕೊಟ್ಟರು. ನಮ್ಮವರು ತಮ್ಮ ಸನ್ಮಾನದ ಬ್ಯಾನರನ್ನು ತಾವೇ ಬರೆದು, ಒಣಗಿಸಿ, ಮಡಿಸಿ ಕಳುಹಿಸಿದರು. ನಾನು ನಕ್ಕು ನಕ್ಕು ಹೊಟ್ಟೆ ಹಿಡಿದುಕೊಂಡೆ. ಆದರೆ ಇನ್ನೊಮ್ಮೆ ನೋಡಿ. ಹೆಸರೆಲ್ಲಿದೆ? ಯಾವ ಕಲಾ ನಿರ್ದೇಶಕರು? ಯಾರಿಗೆ ಸನ್ಮಾನ?

ಆಹ್ವಾನ ಪತ್ರಿಕೆಯಲ್ಲಿ ‘ಶ್ರೀ ಪಾಪಣ್ಣನವರು’ ಎಂದು ಅಚ್ಚಾಗಿದೆ. ಪಾಪಣ್ಣ! ತಲೆಯಲ್ಲಿ ಆಗಲೇ ನಾಲ್ಕು ಬಿಳಿ ಕೂದಲಿರುವ ಗಂಡಸು! ಇಡೀ ಕೋಟೆ ಅವರನ್ನು ಸೆಟ್ಟಿಂಗ್ ಪಾಪಣ್ಣ ಎಂದೇ ಕರೆಯುತ್ತದೆ. ಅವರಿಗೆ ಬೇರೊಂದು ಹೆಸರಿದೆ ಎಂಬುದೇ ಇಲ್ಲಿ ಅರ್ಧ ಜನರಿಗೆ ಮರೆತುಹೋಗಿದೆ.

ಯಾಕೆ ಹೀಗಾಯಿತು? ನಮ್ಮವರಿಗೆ ಇಟ್ಟಿದ್ದು ಅವರ ತಾತನವರ ಹೆಸರು. ಇವರು ಹುಟ್ಟುವ ಮೊದಲೇ ತಾತನವರು ಶಿವನ ಪಾದ ಸೇರಿದ್ದರು, ಆ ಹೆಸರು ಮೊಮ್ಮಗನಿಗೆ ಬಂತು. ಬಂದದ್ದೇನೋ ಬಂತು, ಕರೆಯುವವರು ಯಾರು? ನಮ್ಮ ಅತ್ತೆಯವರು ಕರೆಯುವ ಹಾಗಿಲ್ಲ, ಅದು ಅವರ ಮಾವನವರ ಹೆಸರು. ನಮ್ಮ ಮಾವನವರು ಕರೆಯುವ ಹಾಗಿಲ್ಲ, ಅದು ಅವರ ತಂದೆಯ ಹೆಸರು. ತಂದೆಯ ಹೆಸರು ಹಿಡಿದು ‘ಬಾರ್ಲಾ, ಹೋಗ್ಲಾ’ ಎನ್ನುವುದುಂಟೇ? ಹೀಗೆ ತೊಟ್ಟಿಲಲ್ಲಿ ಇಟ್ಟ ಹೆಸರು ತೊಟ್ಟಿಲಲ್ಲೇ ಉಳಿಯಿತು. ಮಗು ಪಾಪು ಆಯಿತು, ಪಾಪು ಪಾಪಣ್ಣನಾದ.

ಇದು ನನಗೆ ಗೊತ್ತೇ ಇರಲಿಲ್ಲ. ಮದುವೆಯಾಗಿ ಬಂದ ದಿನ ಹೊಸಿಲ ಮೇಲೆ ಅಕ್ಕಿ ತುಂಬಿದ ಸೇರು ಇಟ್ಟಿದ್ದರು. ನಮ್ಮ ನಾದಿನಿ ಗುರುಶಾಂತಮ್ಮ ಬಾಗಿಲಿಗೆ ಅಡ್ಡ ನಿಂತು, “ಗಂಡನ ಹೆಸ್ರೇಳತ್ಗೆ, ದಾರಿ ಬುಡ್ತೀನಿ” ಎಂದಳು. ಎಲ್ಲ ಹೆಣ್ಣುಮಕ್ಕಳೂ ಆಗ ಏನು ಮಾಡುತ್ತಾರೆ? ನಾಚುತ್ತಾರೆ, ಪದ ಕಟ್ಟಿ ಸುತ್ತಿ ಬಳಸಿ ಪ್ರಾಸದಲ್ಲಿ ಸೇರಿಸಿ ಮೆಲ್ಲಗೆ ಹೇಳುತ್ತಾರೆ. ನನಗೆ ಅದನ್ನು ಯಾರೂ ಕಲಿಸಿರಲಿಲ್ಲ. ಕಾನ್ವೆಂಟಿನಲ್ಲಿ ಹಾಜರಿ ಕೂಗುವ ಹಾಗೆ ನೆಟ್ಟಗೆ ನಿಂತು, ಇನಿಷಿಯಲ್ ಸಮೇತ, ಬೀದಿಗೆಲ್ಲ ಕೇಳುವ ಹಾಗೆ ಹೇಳಿಬಿಟ್ಟೆ! ಒಂದು ಕ್ಷಣ ವಾಲಗದವರೂ ನಿಲ್ಲಿಸಿಬಿಟ್ಟರು. ಅತ್ತೆಯವರು ಆರತಿ ತಟ್ಟೆ ಕೆಳಗಿಟ್ಟು ಬಾಯಿಗೆ ಸೆರಗು ಮುಚ್ಚಿಕೊಂಡರು. ಜಗಲಿಯ ಮೇಲೆ ಬೀಗರ ಜೊತೆ ಕುಳಿತಿದ್ದ ಮಾವನವರು ಏನು ಮಾಡಿದರು ಗೊತ್ತೇ? ಎದ್ದು ನಿಂತುಬಿಟ್ಟರು. ತಂದೆಯ ಹೆಸರು ಕಿವಿಗೆ ಬಿದ್ದರೆ ಅವರು ಕುಳಿತಿರುವುದಿಲ್ಲ. ಎದ್ದು, ಆಚೆ ಈಚೆ ನೋಡಿ, ಮತ್ತೆ ಕೂತು, “ಸೊಸೆಗೆ ಗಂಟ್ಲು ಚೆಂದಾಗದೆ” ಎಂದರಂತೆ.

ಅಂದಿನಿಂದ ನಾನು ಆ ಹೆಸರನ್ನು ಬಾಯಲ್ಲಿ ತಂದಿಲ್ಲ. ಆದರೆ ಮಹನೀಯರೇ, ಬಾಯಲ್ಲಿ ತರದ ಹೆಸರು ಬರಹದಲ್ಲಾದರೂ ಇರಬೇಡವೇ? ಅಲ್ಲಿಯೇ ಇರುವುದು ನನ್ನ ಸಂಕಟ.

ನಿಮಗೆ ಗೊತ್ತಿರುವಂತೆ ಲಿಂಗಣ್ಣನವರು ಎರಡನೆಯ ಚಿತ್ರ ಮುಗಿಸಿದ್ದಾರೆ. ಅದರ ಹೆಸರುಗಳ ಕಾರ್ಡುಗಳೆಲ್ಲ ಸಿದ್ಧವಾಗಿವೆ. ಕಪ್ಪು ರಟ್ಟಿನ ಮೇಲೆ ಬಿಳಿ ಅಕ್ಷರ, ಎಲ್ಲವೂ ನಮ್ಮವರ ಕೈಬರಹ. ನಾಳೆ ಬೆಳಗಿನ ಬಸ್ಸಿಗೆ ಲಿಂಗಣ್ಣನವರು ಅವನ್ನು ಮದರಾಸಿಗೆ ಒಯ್ಯುತ್ತಾರೆ. ಅಲ್ಲಿ ಅವಕ್ಕೆ ಕ್ಯಾಮೆರಾ ಇಡುತ್ತಾರೆ, ಅಲ್ಲಿಗೆ ಮುಗಿಯಿತು, ಆಮೇಲೆ ಏನೂ ಸೇರಿಸುವ ಹಾಗಿಲ್ಲ. ನಮ್ಮ ಹಿತ್ತಿಲ ಕೋಣೆಯಲ್ಲಿ ಗೋಡೆಗೆ ಒರಗಿಸಿಟ್ಟ ಆ ಕಾರ್ಡುಗಳ ನಡುವೆ ಒಂದು ಕಾರ್ಡು ಇದೆ. ಮೇಲೆ ‘ಕಲಾ ನಿರ್ದೇಶನ’ ಎಂದಿದೆ. ಕೆಳಗೆ ಬರೀ ಕಪ್ಪು. ಹೋದ ಚಿತ್ರದಲ್ಲಿ ಆ ಕಾರ್ಡೇ ಇರಲಿಲ್ಲ. ಈ ಸಲ ಕಾರ್ಡು ಇದೆ, ಹೆಸರಿಲ್ಲ. ಇಷ್ಟು ಮುಂದುವರಿದಿದ್ದೇವೆ!

ಅಯ್ಯೋ, ಇದನ್ನು ಹೇಳಬೇಕೆಂದಿರಲಿಲ್ಲ. ನಾನು ಹೇಳಬೇಕಿದ್ದದ್ದು ಅವರ ಸಾಧನೆ. ಅಲ್ಲಿಗೇ ಬರುತ್ತೇನೆ.

ನಮ್ಮವರು ಮೊದಲು ಬಳಿದದ್ದು ತಮ್ಮ ತಂದೆಯ ದಿನಸಿ ಅಂಗಡಿಯ ಬೋರ್ಡು. ಮೆಣಸಿನಕಾಯಿಯ ಚಿತ್ರ ಎಷ್ಟು ಚೆನ್ನಾಗಿತ್ತೆಂದರೆ ಹಸು ಬಂದು ನೆಕ್ಕಿತಂತೆ. ಆಮೇಲೆ ಸಾಲಿಗ್ರಾಮದಲ್ಲಿ ಬೀಡುಬಿಟ್ಟಿದ್ದ ನಾಟಕ ಕಂಪನಿಯಲ್ಲಿ ಪರದೆ ಬರೆದರು. ಅರಮನೆ ಪರದೆ, ಕಾಡಿನ ಪರದೆ, ಬೀದಿ ಪರದೆ. ಹುಣಸೂರಿನ ಫೋಟೋ ಸ್ಟುಡಿಯೋದಲ್ಲಿ ಮೆಟ್ಟಿಲು, ಕಂಬ, ನವಿಲು ಇರುವ ಹಿನ್ನೆಲೆ ಬರೆದರು. ಹುಣಸೂರಿನಲ್ಲಿ ಯಾವ ಮನೆಗೆ ಹೋದರೂ ಗೋಡೆಯ ಫೋಟೋದಲ್ಲಿ ಅದೇ ನವಿಲು. ಹೊಗೆಸೊಪ್ಪಿನ ಸಾಹುಕಾರರ ಹಿಂದೆಯೂ ಅದೇ, ಅವರ ಗಾಡಿ ಹೊಡೆಯುವವನ ಹಿಂದೆಯೂ ಅದೇ. ಇದಕ್ಕಿಂತ ಸಮಾನತೆ ಬೇಕೇ? ಆಮೇಲೆ ಮದರಾಸಿನ ಒಂದು ದೊಡ್ಡ ಸ್ಟುಡಿಯೋಕ್ಕೆ ಹೋದರು. ಅಲ್ಲಿ ಇವರಿಗೆ ಸಿಕ್ಕಿದ್ದು ಆಕಾಶ ಬಳಿಯುವ ಕೆಲಸ. ದಿನವೂ ಆಕಾಶ! ಯಾರದೋ ಅರಮನೆಯ ಹಿಂದಿನ ಆಕಾಶ, ಯಾರದೋ ತೋಟದ ಹಿಂದಿನ ಆಕಾಶ. “ಯಾಕೆ ಬಿಟ್ಟು ಬಂದಿರಿ?” ಎಂದು ಕೇಳಿದೆ. “ನೆಲ ಬೇಕಾಗಿತ್ತು” ಎಂದರು. ನಮ್ಮವರು ಮಾತಾಡುವುದೇ ಇಷ್ಟು. ಉಳಿದದ್ದನ್ನು ನಾನೇ ತುಂಬಿಸಿಕೊಳ್ಳಬೇಕು, ಅದಕ್ಕೇ ದೇವರು ನನಗೆ ಇಷ್ಟು ಮಾತು ಕೊಟ್ಟಿದ್ದಾನೆ.

ಅವರು ನನ್ನನ್ನು ನೋಡಲು ಬಂದ ದಿನದ ಕಥೆ ಹೇಳದಿದ್ದರೆ ನನಗೆ ಇವತ್ತು ನಿದ್ದೆ ಬರುವುದಿಲ್ಲ. ಕೆಂಪು ಸೀರೆ, ಹಸಿರು ಅಂಚು, ಕೈಯಲ್ಲಿ ಕಾಫಿ ತಟ್ಟೆ. ನಾನು ತಲೆ ತಗ್ಗಿಸಿ ಬಂದೆ. ವರ ಮಹಾಶಯರು ಜೇಬಿನಿಂದ ಒಂದು ಕಡುನೀಲಿ ಗಾಜಿನ ಚೂರು ತೆಗೆದು, ಕಣ್ಣಿಗೆ ಹಿಡಿದು ನನ್ನನ್ನು ನೋಡಿದರು! ನಮ್ಮಜ್ಜಿ ಸಾಕಮ್ಮನವರು ಒಳಗಿನಿಂದಲೇ ಕೂಗಿದರು: “ಏನಪ್ಪಾ ಇದು! ನಮ್ಮುಡ್ಗಿ ಏನ್ ಗ್ರಹಣ ಹಿಡಿದಿರೋ ಸೂರ್ಯನಾ?” ವರ ಮಹಾಶಯರು ಮೊಟ್ಟಮೊದಲ ಬಾರಿಗೆ ಬಾಯಿ ಬಿಟ್ಟು ನನಗೆ ಹೇಳಿದ ಮಾತು ಇದು: “ಅಂಚು ಕಾಣ್ತಿಲ್ಲ.”

ಆಮೇಲೆ ನನಗೇ ಆ ಗಾಜು ಕೊಟ್ಟು ನೋಡೆಂದರು. ನೋಡಿದೆ. ಬಣ್ಣವೆಲ್ಲ ಮಾಯ! ಬೆಳಕು, ನೆರಳು, ಅಷ್ಟೇ. ಕೆಂಪು ಮೈ, ಹಸಿರು ಅಂಚು, ಎರಡೂ ಒಂದೇ ಬೂದು. ಸಿನಿಮಾ ಕ್ಯಾಮೆರಾದ ಕಣ್ಣಿಗೆ ಲೋಕ ಹಾಗೆ ಕಾಣುತ್ತದಂತೆ. ಸುಣ್ಣದ ಗೋಡೆ ಕಣ್ಣಿಗೆ ಹೊಡೆಯುತ್ತದೆ, ಅದಕ್ಕೆ ಬೂದಿ ಕಲಸಬೇಕು. ಬಿಳಿ ಪಂಚೆ ಉರಿಯುತ್ತದೆ, ಅದನ್ನು ಟೀ ಡಿಕಾಕ್ಷನ್ನಿನಲ್ಲಿ ಅದ್ದಬೇಕು. ನಾನು ಗಾಜು ಕಣ್ಣಿಗಿಟ್ಟುಕೊಂಡು ಅವರನ್ನೇ ನೋಡಿದೆ. ಸಭಿಕರೇ, ಗಾಜಿನೊಳಗೂ ಅವರ ಕಣ್ಣು ಹೊಳೆಯುತ್ತಿತ್ತು. ಅಜ್ಜಿಗೆ ಹೇಳಿದೆ, ಇವರೇ ಸಾಕು.

ತಾಯಂದಿರು ನಗುತ್ತಿದ್ದೀರಿ. ನಗಿ. ನಾನೂ ಇನ್ನೂ ನಗುತ್ತಲೇ ಇದ್ದೇನೆ.

ಆದರೆ ಅವರನ್ನು ನೋಡುವ ಮೊದಲೇ ನಾನು ಅವರ ಕೆಲಸವನ್ನು ನೋಡಿದ್ದೆ, ಅದು ಇನ್ನೂ ಸೋಜಿಗ. ಮೈಸೂರಿನಲ್ಲಿ ಗೆಳತಿಯರ ಜೊತೆ ‘ಗಡಿಯಂಗಡಿ’ಗೆ ಹೋಗಿದ್ದೆ. ಕನ್ನಡ ಚಿತ್ರವೆಂದು ಮೂಗು ಮುರಿದುಕೊಂಡೇ ಹೋದವರು ನಾವು. ಮೊದಲು ಹೆಸರುಗಳು ಬಂದವು. ನಟರು, ಸಂಗೀತ, ಛಾಯಾಗ್ರಹಣ. ಆಮೇಲೆ ಏನು ಬಂತು ಗೊತ್ತೇ? ‘ಗೋಡೆ ಸಾರಿಸಿದವರು: ಬೇಗೂರಿನ ಮಾಯಮ್ಮ.’ ‘ಬಾಗಿಲು: ಪಿರಿಯಾಪಟ್ಟಣದ ದಾಸಯ್ಯ.’ ನಾವು ಕಿಸಕ್ಕನೆ ನಕ್ಕೆವು. ಗಾಡಿಯವರು, ಅಡಿಗೆಯವರು, ಬಿದಿರು ಕಡಿದವರು, ಎಲ್ಲರ ಹೆಸರೂ ಇತ್ತು. ಚಿತ್ರ ಶುರುವಾಯಿತು. ಹೊಳೆಯ ದಂಡೆ, ಮಂಜು, ಒಂದು ಅಂಗಡಿ. ಸಭಿಕರೇ, ಆ ಅಂಗಡಿ! ಅದರ ಕಟ್ಟೆ ಕೈ ತಾಗಿ ತಾಗಿ ಸವೆದು ಹೊಳೆಯುತ್ತಿತ್ತು. ಉಪ್ಪಿನ ಮೂಟೆಯ ಕೆಳಗೆ ನೆಲ ಒದ್ದೆಯಾಗಿ ಕಪ್ಪಗಿತ್ತು. ಬೆಲ್ಲದ ವಾಸನೆ ಬಂದ ಹಾಗಾಯಿತು ನನಗೆ, ಥಿಯೇಟರಿನ ಕುರ್ಚಿಯಲ್ಲಿ! ಕೊನೆಗೆ ಕೇಳಿಕೊಂಡೆ: ಗೋಡೆ ಸಾರಿಸಿದವರ ಹೆಸರಿದೆ, ಬಾಗಿಲು ಕೊಟ್ಟವರ ಹೆಸರಿದೆ, ಈ ಅಂಗಡಿಯನ್ನು ಕಟ್ಟಿದವರು ಯಾರು? ಅವರ ಹೆಸರೇಕಿಲ್ಲ?

ಆ ಪ್ರಶ್ನೆಯನ್ನೇ ನಾನು ಮದುವೆಯಾದೆ ಎನ್ನಬಹುದು.

ಆ ಚಿತ್ರ ತೆಗೆದದ್ದು ಹೇಗೆ ಎಂದು ಲಿಂಗಣ್ಣನವರು ಈಗಷ್ಟೇ ಹೇಳಿದರು. ಬೆನ್ನ ಹಿಂದೆ ಸ್ಟುಡಿಯೋ ಇಲ್ಲ, ಯಜಮಾನರಿಲ್ಲ, ನಾಲ್ಕು ಜನ ಗೆಳೆಯರು, ಎರವಲು ಕ್ಯಾಮೆರಾ. ಅವರು ಹೇಳದೆ ಬಿಟ್ಟದ್ದನ್ನು ನಾನು ಹೇಳುತ್ತೇನೆ. ಕಾಕನಕೋಟೆ ಕಾಡಿನ ಬಿದಿರು, ಹುಣಸೂರಿನಲ್ಲಿ ಹೊಗೆಸೊಪ್ಪು ಒಣಗಿಸುವ ಬ್ಯಾರನ್ನಿನ ಹಳೇ ಗೋಣಿತಾಟು, ಕಪಿಲೆಯ ದಂಡೆಯ ಮಣ್ಣು. ಇಷ್ಟರಲ್ಲೇ ಅವರು ಒಂದು ಊರನ್ನೇ ಎಬ್ಬಿಸಿದರು. ಬಾಗಿಲು ಮಾತ್ರ ಹಳೆಯದೇ ಬೇಕೆಂದು ಹಟ ಹಿಡಿದು ಪಿರಿಯಾಪಟ್ಟಣದಲ್ಲಿ ಮನೆ ಮನೆ ಅಲೆದರು. ದಾಸಯ್ಯನವರು ತಮ್ಮ ಮನೆಯ ಬಾಗಿಲನ್ನೇ ಕಳಚಿ ಗಾಡಿಗೆ ಹಾಕಿ, ಹಿಂದೆಯೇ ತಾವೂ ಹತ್ತಿ ಕುಳಿತರಂತೆ. “ನೀವ್ಯಾಕೆ ಬತ್ತೀರಿ ದಾಸಯ್ಯನೋರೆ?” ಎಂದರೆ, “ಬಾಗ್ಲಿಲ್ಲದ ಮನೇಲಿ ನಾನೇನ್ ಕಾಯ್ಲಿ? ಬಾಗ್ಲೆಲ್ಲೋ ನಾನಲ್ಲೇ ಕಣ್ರೀ” ಎಂದರಂತೆ. ಚಿತ್ರೀಕರಣ ಮುಗಿಯುವ ತನಕ ಆ ಬಾಗಿಲಿನ ಪಕ್ಕದಲ್ಲೇ ಚಾಪೆ ಹಾಸಿಕೊಂಡಿದ್ದರು!

ಈಗ ಆ ಅಂಗಡಿಯ ವಿಷಯಕ್ಕೆ ಬರುತ್ತೇನೆ. ಇಲ್ಲಿರುವ ಎಲ್ಲರೂ ಚಿತ್ರ ನೋಡಿದ್ದೀರಿ, ಒಬ್ಬರನ್ನು ಬಿಟ್ಟು. ಆ ಅಂಗಡಿಯ ಮುಂದೆ ತೂಗುವ ತಕ್ಕಡಿ ನಿಮಗೆಲ್ಲ ನೆನಪಿದೆ ಅಲ್ಲವೇ? ನಾಯಕಿ ಗಂಡನ ಸುದ್ದಿ ಕೇಳಿ ಕಟ್ಟೆಯ ಮುಂದೆ ನಿಲ್ಲುತ್ತಾಳೆ, ತಕ್ಕಡಿಯ ಸರಪಳಿಗಳ ನಡುವೆ ಅವಳ ಮುಖ, ಮುಳ್ಳು ಮೆಲ್ಲಗೆ ತೂಗಿ ತೂಗಿ ನಿಲ್ಲುತ್ತದೆ, ಅವಳ ಕಣ್ಣೀರೂ ನಿಲ್ಲುತ್ತದೆ. ಒಂದು ಮಾತಿಲ್ಲ, ಸಂಗೀತವಿಲ್ಲ. ನಾನು ಹತ್ತು ಸಲ ಹೇಳಿದರೂ ಹತ್ತು ಸಲವೂ ನನಗೆ ಮೈ ಜುಮ್ಮೆನ್ನುತ್ತದೆ.

ಆ ದೃಶ್ಯ ತೆಗೆಯುವ ದಿನ ಲಿಂಗಣ್ಣನವರು ಕ್ಯಾಮೆರಾ ಹಿಂದಿನಿಂದ ಕೂಗಿದರಂತೆ: “ಪಾಪಣ್ಣಾ, ತಕ್ಕಡೀನ ಒಳಗಡೆ ಹಾಕಯ್ಯ! ನಾಯಕಿ ಮುಖಾನೇ ಕಾಣ್ತಿಲ್ಲ!”

“ಆಗಲ್ಲ.”

“ಯಾಕಯ್ಯಾ ಆಗಲ್ಲ? ಎಲ್ಲಾ ಅಂಗಡೀಲೂ ತಕ್ಕಡಿ ಒಳಗಡೇನೆ ಇರ್ತದೆ!”

“ಈ ಅಂಗಡೀಲಿ ಇರಲ್ಲ.”

“ಅಯ್ಯೋ ಮಾರಾಯಾ! ಈ ಅಂಗಡಿ ನೀನೇ ಕಟ್ಟಿದ್ದು ಕಣಯ್ಯಾ! ಮೊನ್ನೆ ಇಲ್ಲಿ ಬರೀ ಮರಳಿತ್ತು!”

ಲಿಂಗಣ್ಣನವರೇ, ನಗುತ್ತಿದ್ದೀರಿ, ಅಂದರೆ ನಾನು ಸರಿಯಾಗಿಯೇ ಹೇಳುತ್ತಿದ್ದೇನೆ. ಯಾವತ್ತೂ ಎದುರಾಡದ ನಮ್ಮವರು ಅಂದು ತಕ್ಕಡಿಯ ಕಂಬ ಹಿಡಿದು ನಿಂತರಂತೆ. “ತಕ್ಕಡಿ ಒಳಕ್ಕೆ ಹೋದ್ರೆ ನಾನು ಊರಿಗೆ ಹೋಗ್ತೀನಿ” ಎಂದರಂತೆ. ಬಿಸಿಲು ಇಳಿಯುತ್ತಿತ್ತು. ಬೇರೆ ದಾರಿ ಕಾಣದೆ ಲಿಂಗಣ್ಣನವರು ಕ್ಯಾಮೆರಾವನ್ನೇ ಸರಿಸಿದರು. ಸರಿಸಿದ ಜಾಗದಿಂದ ನೋಡಿದರೆ ಸರಪಳಿಯ ನಡುವೆ ಆ ಮುಖ! ಅದೇ ದೃಶ್ಯವನ್ನು ಕಲ್ಕತ್ತೆಯ ಫಿಲಂ ಸಂಘದವರು ನೋಡಿ ಎದ್ದು ನಿಂತು ಚಪ್ಪಾಳೆ ತಟ್ಟಿದರು. “ಆ ಅಂಗಡಿ ಎಲ್ಲಿದೆ, ನಾವು ಬಂದು ನೋಡಬಹುದೇ?” ಎಂದು ಕೇಳಿದರು. “ಅದು ಅಂಗಡಿಯಲ್ಲ ಸ್ವಾಮಿ, ಬಿದಿರು ಮತ್ತು ಗೋಣಿ, ಹೊಳೆ ಉಕ್ಕಿದಾಗ ಕೊಚ್ಚಿಕೊಂಡು ಹೋಯಿತು” ಎಂದರೆ ನಂಬಲೇ ಇಲ್ಲವಂತೆ. ನಂಬಿದ ಮೇಲೆ ಕೇಳಿದ್ದು ಒಂದೇ ಪ್ರಶ್ನೆ: “ಕಟ್ಟಿದವರ ಹೆಸರೇನು?” ಬಂಗಾಳದವರೂ ಕೇಳಿದರು! ಮೈಸೂರಿನ ಥಿಯೇಟರಿನಲ್ಲಿ ನಾನು ಕೇಳಿಕೊಂಡ ಪ್ರಶ್ನೆಯನ್ನೇ!

ಹೆಸರೇಕಿಲ್ಲ ಎಂದು ಮದುವೆಯಾದ ಮೇಲೆ ನಾನೇ ಕೇಳಿದೆ. ಮೊದಲನೆಯ ಚಿತ್ರದ ಕಾರ್ಡು ಬರೆಯುವಾಗ ಮನೆಯಲ್ಲಿ ಒಂದು ಮಾತು ನಡೆದಿತ್ತಂತೆ. “ನೀನೇನಾರ ಕಟ್ಕೊ, ಏನಾರ ಬಳ್ಕೊ. ಆ ಹೆಸರು ಮಾತ್ರ ಸಿನಿಮಾ ಡೇರೆ ಬಟ್ಟೆ ಮ್ಯಾಲೆ ಬರಕೂಡ್ದು. ಕಾಲು ಚಾಚ್ಕಂಡು, ಬೀಡಿ ಸೇದ್ಕಂಡು ನೋಡ್ತದೆ ಜನ. ಅದು ನಮ್ಮಪ್ಪನ ಹೆಸ್ರು ಕಣ್ಲಾ.” ಯಾರು ಹೇಳಿದರೆಂದು ನಾನು ಹೇಳುವುದಿಲ್ಲ.

ಹೇಳಿದ ಹಾಗೆಯೇ ಆಯಿತು. ಮಾವನವರೇ, ಕ್ಷಮಿಸಿ. ನಾಲಿಗೆಗೆ ಮೂಳೆಯಿಲ್ಲ.

ನಾನು ಅದನ್ನು ತಪ್ಪೆನ್ನುವುದಿಲ್ಲ. ತಂದೆಯ ಹೆಸರು ಕೇಳಿದರೆ ಎದ್ದು ನಿಲ್ಲುವ ಮಗ ಈ ತಾಲ್ಲೂಕಿನಲ್ಲಿ ಎಷ್ಟು ಜನರಿದ್ದಾರೆ? ನಮ್ಮವರೂ ತಪ್ಪೆನ್ನಲಿಲ್ಲ. ಎಲ್ಲರ ಹೆಸರೂ ಬರೆದರು, ಕುಂಚ ತೊಳೆದಿಟ್ಟರು. “ಪಾಪಣ್ಣ ಅಂತಲಾದರೂ ಹಾಕಿಕೊಳ್ಳಬಹುದಿತ್ತಲ್ಲ?” 
ಎಂದು ನಾನು ಜಗಳ ಕಾಯ್ದೆ. “ಪಾಪಣ್ಣ ಮನೇಲಿರೋನು. ಅಂಗಡಿ ಕಟ್ಟಿದೋನು ಇನ್ನೊಬ್ಬ” ಎಂದರು. ಆಗ ನನಗೆ ಅದು ಅರ್ಥವಾಗಲಿಲ್ಲ.

ಅರ್ಥವಾದದ್ದು ಮಾಯಮ್ಮನಿಂದ. ಮಾಯಮ್ಮ, ಎಲ್ಲಿದ್ದೀಯಾ? ಅಲ್ಲಿ, ಕಂಬದ ಹತ್ತಿರ. ಹೋದ ವಾರ ಮಾಯಮ್ಮ ಹೊಸ ಮದುವಣಗಿತ್ತಿಯನ್ನು ನೋಡಬೇಕೆಂದು ಬೇಗೂರಿನಿಂದ ಜೇನು ಹಿಡಿದುಕೊಂಡು ಬಂದಳು. ಹಿತ್ತಿಲಲ್ಲಿ ಕುಳಿತು ಮಾತಾಡುತ್ತ ಚಿತ್ರದ ಮಾತು ಬಂತು. ಆ ಅಂಗಡಿಯ ಗೋಡೆ ಸಾರಿಸುತ್ತಿದ್ದಾಗ ಅವಳ ಕೈ ನಿಂತುಹೋಯಿತಂತೆ. ಕಟ್ಟೆ ನೋಡಿದಳಂತೆ, ತಕ್ಕಡಿ ನೋಡಿದಳಂತೆ. “ಪಾಪಣ್ಣೋರೆ, ಇದು ದೊಡ್ಡಯ್ಯನೋರ ಅಂಗ್ಡಿ ಅಲ್ವರಾ? ನಾನು ಚಿಕ್ಕೋಳಿದ್ದಾಗ ನಮ್ಮವ್ವನ ಕೈ ಹಿಡ್ಕಂಡು ಉಪ್ಪಿಗೆ ಬತ್ತಿದ್ನಲ್ಲಾ, ಅದೇಯಾ?” ಎಂದಳಂತೆ. ನಮ್ಮವರು ತಲೆಯಾಡಿಸಿದರಂತೆ. “ಯಾರ್ಗೂ ಹೇಳ್ಬ್ಯಾಡ ಮಾಯಮ್ಮ” ಎಂದರಂತೆ. ಅವಳು ಯಾರಿಗೂ ಹೇಳಲಿಲ್ಲ. ನನಗೆ ಹೇಳಿದಳು. ಹೀಗಾಗಿ ಈಗ ನಿಮಗೆಲ್ಲ ಗೊತ್ತಾಯಿತು.

ಹೌದು, ಸಭಿಕರೇ. ತಾತನವರು ಅದೇ ಬೇಗೂರಿನಲ್ಲಿ ಇಟ್ಟಿದ್ದ ಅಂಗಡಿ. ಈಗ ಅಲ್ಲಿ ಒಂದು ಇಟ್ಟಿಗೆಯೂ ಇಲ್ಲ, ಲಾಂಟಾನದ ಪೊದೆ ಬೆಳೆದಿದೆ. ನಮ್ಮವರು ಅದನ್ನು ಕಣ್ಣಾರೆ ಕಂಡವರೇ ಅಲ್ಲ. ಹಾಗಾದರೆ ಎಲ್ಲಿ ಕಂಡರು? ಮಾವನವರ ಬಾಯಲ್ಲಿ ಕಂಡರು. ಚಿಕ್ಕಂದಿನಲ್ಲಿ ಅಂಗಡಿಯಲ್ಲಿ ಕೂರದೆ ಚಿತ್ರ ಗೀಚುತ್ತಿದ್ದ ಮಗನಿಗೆ ದಿನವೂ ಬೀಳುತ್ತಿದ್ದ ಬೈಗುಳ ಅದು. “ನಮ್ಮಪ್ಪ ಎಂಗೆ ಅಂಗ್ಡಿ ನಡೆಸ್ತಿದ್ರು ಗೊತ್ತೇನ್ಲಾ? ತಕ್ಕಡೀನ ಗಿರಾಕಿ ಕಡೀಕೆ ತೂಗಾಕ್ತಿದ್ರು ಕಣ್ಲಾ. ವಯನಾಡಿನಿಂದ ಮೆಣಸು ಹೊತ್ಕಂಡು ಬರೋರಿಗೆ ನಮ್ಮ ಮಾತು ಬರಾಕಿಲ್ಲ, ನಮಗೆ ಅವ್ರ ಮಾತು ಬರಾಕಿಲ್ಲ. ಮಾತು ಬರದೋನಿಗೂ ಮುಳ್ಳು ಕಾಣ್ತದೆ ಅಂತಿದ್ರು ನಮ್ಮಪ್ಪ.”

ಮಾತು ಬರದವನಿಗೂ ಮುಳ್ಳು ಕಾಣುತ್ತದೆ! ಇಂಗ್ಲಿಷಿನಲ್ಲಿ ಅಷ್ಟೊಂದು ಪುಸ್ತಕ ಓದಿದ್ದೇನೆ, ಇಂಥ ಮಾತು ಕಂಡಿಲ್ಲ. ಮಗ ಆ ಬೈಗುಳದಲ್ಲಿ ಬೈಗುಳವನ್ನು ಬಿಟ್ಟು ಅಂಗಡಿಯನ್ನು ಇಟ್ಟುಕೊಂಡ. ಮದರಾಸಿನಲ್ಲಿ ಆಕಾಶ ಬಳಿಯುತ್ತಿದ್ದಾಗಲೂ ಇಟ್ಟುಕೊಂಡಿದ್ದ. ಕಪಿಲೆಯ ಮರಳ ಮೇಲೆ ಇಳಿಸಿದ. ಕನ್ನಡದ ಒಂದು ಅಕ್ಷರ ಬಾರದ ಕಲ್ಕತ್ತೆಯವರಿಗೂ ಆ ಮುಳ್ಳು ಕಂಡಿತು!

ಮಾವನವರೇ, ಡೇರೆಯಲ್ಲಿ ಬೀಡಿ ಸೇದುತ್ತಾರೆ ಎಂದಿರಿ. ನಿಜ, ಸೇದುತ್ತಾರೆ. ಡೇರೆಯ ಯಜಮಾನರನ್ನು ನಾನೇ ಕೇಳಿದೆ. ಅವರು ಹೇಳಿದರು: “ಆ ತಕ್ಕಡಿ ಸೀನು ಬಂದ್ರೆ ಎಲ್ರ ಬೀಡೀನೂ ಆರೋಯ್ತದೆ ಕಣಮ್ಮಾ. ಮುಗಿದ ಮ್ಯಾಲೆ ಬೆಂಕಿಪೊಟ್ಣ ಕೊಡ್ಲಾ, ಬೆಂಕಿಪೊಟ್ಣ ಕೊಡ್ಲಾ ಅಂತ ಗಲಾಟೆ.” ಊರೆಲ್ಲ ನಿಮ್ಮ ತಂದೆಯವರ ಅಂಗಡಿಯ ಮುಂದೆ ನಿಂತು ಬಂದಿದೆ. ನೀವೊಬ್ಬರೇ ಹೋಗಿಲ್ಲ. ಆ ಅಂಗಡಿ ಆಗಲೇ ಡೇರೆಯ ಬಟ್ಟೆಯ ಮೇಲಿದೆ, ಮಾವನವರೇ. ಬೋರ್ಡು ಮಾತ್ರ ಇಲ್ಲ.

ಗುರುಶಾಂತಮ್ಮ ಈಗ ನನಗೆ ಪದ ಕಟ್ಟುವುದನ್ನು ಕಲಿಸಿದ್ದಾಳೆ. ಹೊಸಿಲ ಮೇಲೆ ಮಾಡಿದ ತಪ್ಪನ್ನು ಈ ವೇದಿಕೆಯ ಮೇಲೆ ತಿದ್ದಿಕೊಳ್ಳುತ್ತೇನೆ. ಅಕ್ಕತಂಗಿಯರೇ, ಕೇಳಿ. ಪ್ರಾಸ ಸ್ವಲ್ಪ ಎಡವಿದರೆ ಕಾನ್ವೆಂಟನ್ನು ಬೈಯಿರಿ, ನನ್ನನ್ನಲ್ಲ.

ಕಪಿಲೆಯ ದಂಡೇಲಿ ಕಲ್ಲಿನ ಕಟ್ಟೆ,
ಕಟ್ಟೆಯ ಮುಂದೆ ತೂಗುವ ತಟ್ಟೆ,
ಮುಳ್ಳು ನೆಟ್ಟಗೆ ನಿಂತಂಥ ಅಂಗಡಿ
ಕಟ್ಟಿದವರು ಶಿವನಂಜಪ್ಪನವರು!

ಯಾವ ಶಿವನಂಜಪ್ಪನವರು ಎಂದು ಕೇಳಬೇಡಿ. ತಾತನವರೂ ಕಟ್ಟಿದರು, ಮೊಮ್ಮಗನೂ ಕಟ್ಟಿದರು.

ಮಾವನವರು ಎದ್ದು ನಿಂತಿದ್ದಾರೆ.

ಅಯ್ಯೋ, ಮುಂದಿನ ಸಾಲಿನ ಹಿರಿಯರೂ ಎದ್ದರು. ಅಮಲ್ದಾರರೂ ಎದ್ದರು. ಅಧ್ಯಕ್ಷರೇ, ನೀವೂ! ಇಡೀ ಹಾಲೇ ಎದ್ದು ನಿಂತಿದೆಯಲ್ಲ! ಮಾಯಮ್ಮ, ಮಂಡಿ ನೋವು ಎಂದಿದ್ದೆ, ನೀನೂ ಎದ್ದೆಯಾ?

ಮಾವನವರು ಏನೋ ಹೇಳುತ್ತಿದ್ದಾರೆ. ಸ್ವಲ್ಪ ಹೊತ್ತು ಸದ್ದು ಮಾಡಬೇಡಿ. ಏನಂದಿರಿ ಮಾವನವರೇ?

ಹಿಂದಿನವರಿಗೆ ಕೇಳಿಸಲಿಲ್ಲವಂತೆ, ನಾನೇ ಹೇಳಿಬಿಡುತ್ತೇನೆ. ಮಾವನವರು ಕೇಳಿದ್ದು ಇಷ್ಟೇ: “ಆ ಕಾರ್ಡ್ನಾಗೆ ದಪ್ಪಕ್ಷರದಾಗೆ ಬರೀತಾನೇನಮ್ಮಾ? ಸಣ್ಣಕ್ಷರದಾಗೆ ಬರೆದ್ರೆ ನಾನು ಒಪ್ಪಾಕಿಲ್ಲ. ನಮ್ಮಪ್ಪನ ಹೆಸ್ರು.”

ಬರೆಯುತ್ತಾರೆ, ಮಾವನವರೇ! ದಪ್ಪಕ್ಷರದಲ್ಲೇ ಬರೆಯುತ್ತಾರೆ! ಕಲ್ಕತ್ತೆಯ ಕೊನೆಯ ಸಾಲಿನಲ್ಲಿ ಕುಳಿತವರಿಗೂ ಕಾಣುವ ಹಾಗೆ ಬರೆಯುತ್ತಾರೆ! ಎಲ್ಲಿ, ಹಾರದ ಹಿಂದೆ ಕುಳಿತವರೇ, ನೀವೇ ಒಂದು ಮಾತು ಹೇಳಿಬಿಡಿ…

ಎಲ್ಲಿ ಹೋದರು? ಕುರ್ಚಿ ಖಾಲಿಯಿದೆ. ಹಾರ ಕುರ್ಚಿಯ ಮೇಲೆ ಬಿದ್ದಿದೆ. ಬಾಗಿಲಲ್ಲಿ ನಿಂತಿರುವ ಮಹನೀಯರು ಬೀದಿಯ ಕಡೆ ಕೈ ತೋರಿಸುತ್ತಿದ್ದಾರೆ. ಓಡಿಕೊಂಡೇ ಹೋದರಂತೆ, ಮನೆಯ ಕಡೆಗೆ.

ಸಭಿಕರೇ, ಬೇಸರ ಮಾಡಿಕೊಳ್ಳಬೇಡಿ. ಬೆಳಗಿನ ಬಸ್ಸು ಹೊರಡುವುದರೊಳಗೆ ಆ ಅಕ್ಷರ ಒಣಗಬೇಕು. ಅಧ್ಯಕ್ಷರು ಶಾಲು ಕೈಯಲ್ಲಿ ಹಿಡಿದು ಯಾರಿಗೆ ಹೊದಿಸುವುದು ಎಂದು ನನ್ನನ್ನು ನೋಡುತ್ತಿದ್ದಾರೆ. ಶಾಲು ಕಾಯುತ್ತದೆ ಅಧ್ಯಕ್ಷರೇ, ಬಣ್ಣ ಕಾಯುವುದಿಲ್ಲ.

ಸನ್ಮಾನ ಏರ್ಪಡಿಸಿದ ಸಮಿತಿಯವರಿಗೆ, ಅಮಲ್ದಾರರಿಗೆ, ಕ್ಯಾಮೆರಾ ಸರಿಸಿದ ಲಿಂಗಣ್ಣನವರಿಗೆ, ಬಾಗಿಲು ಕೊಟ್ಟ ದಾಸಯ್ಯನವರಿಗೆ, ಗುಟ್ಟು ಉಳಿಸಿಕೊಳ್ಳದ ಮಾಯಮ್ಮನಿಗೆ, ಎದ್ದು ನಿಂತ ನಿಮ್ಮೆಲ್ಲರಿಗೆ, ಎಲ್ಲರಿಗಿಂತ ಮೊದಲು ಎದ್ದು ನಿಂತ ನಮ್ಮ ಮಾವನವರಿಗೆ, ಶ್ರೀ ಶಿವನಂಜಪ್ಪನವರ ಪರವಾಗಿ ಅವರ ಹೆಂಡತಿ ನೀಲಾಂಬಿಕೆಯ ಕೃತಜ್ಞತೆಗಳು. ನಾನೂ ಇಳಿಯುತ್ತೇನೆ, ಅಲ್ಲಿ ದೀಪ ಹಿಡಿಯುವವರು ಒಬ್ಬರು ಬೇಕು.

ಶರಣು. ನಮಸ್ಕಾರ.